ಭಟ್ಟಿಯ ಖಟಾಯಿ ಮನೆಯ ಒಲೆಗೆ

ಸೇಡಂ, ಚಿತ್ತಾಪುರ, ವಾಡಿ, ಶಹಾಬಾದ, ಚಿಂಚೋಳಿಗಳ ಸೀಮೆಯಲ್ಲಿ ಬೆಳೆದ ನಮಗೆ ಬೇಸಿಗೆಯ ಸೂಟಿ ಎಂದೊಡನೆ ನೆನಪಾಗುವುದು ನಾನಖಟಾಯಿ. ಮೈದಾ, ಸಕ್ಕರೆ, ವನಸ್ಪತಿಗಳನ್ನು ಮನೆಯಲ್ಲಿಯೇ ತೂಗಿ ಬೇಕರಿಯ ಭಟ್ಟಿಗೆ ಒಯ್ಯುತ್ತಿದ್ದೆವು. ಸಾಮಾನು ನಮ್ಮದು, ಕೂಲಿ ಭಟ್ಟಿಯವರದು. ಸರದಿ ಬರುವವರೆಗೆ ಬಾಗಿಲಲ್ಲಿ ಕಾದು ಕುಳಿತು, ಬಿಸಿ ಖಟಾಯಿ ತುಂಬಿದ ತಗಡಿನ ಡಬ್ಬಿಯನ್ನು ಹೊತ್ತು ಮನೆಗೆ ಮರಳುತ್ತಿದ್ದೆವು.

ನಮ್ಮ ಮನೆಯ ಹಿರಿಯ ತಾಯಿಯವರಿಗೆ ಹಲ್ಲು ಬಿದ್ದ ಮೇಲೆ ಚಹದೊಡನೆ ಒಗ್ಗುತ್ತಿದ್ದ ತಿನಿಸು ಇದೊಂದೇ. ಅವರಿಗೆ ಹೃದಯದ ತೊಂದರೆ ಕಾಣಿಸಿಕೊಂಡಾಗ ವನಸ್ಪತಿ ಕೂಡದೆಂದು ವೈದ್ಯರು ತಿಳಿಸಿದರು. ಡಬ್ಬಿ ಬರಿದಾಯಿತು. ಅವರು ಬಾಯಿಬಿಟ್ಟು ಏನನ್ನೂ ಕೇಳಲಿಲ್ಲ. ಆದರೆ ಚಹದ ಹೊತ್ತಿಗೆ ಅವರ ಕೈ ಗೂಡಿನ ಕಡೆಗೆ ಹೋಗಿ ಹಿಂದಕ್ಕೆ ಬರುವುದನ್ನು ಕಂಡು ನಮ್ಮ ಮನಸ್ಸು ತಡೆಯಲಿಲ್ಲ.

ಎಣ್ಣೆಗೆ ಜಲಜನಕವನ್ನು ಸೇರಿಸಿ ಗಟ್ಟಿಮಾಡುವಾಗ ಹೃದಯಕ್ಕೆ ಹಾನಿಕರವಾದ ಟ್ರಾನ್ಸ್ ಕೊಬ್ಬು ಉಂಟಾಗುತ್ತದೆ. ಎಣ್ಣೆ, ವನಸ್ಪತಿಗಳಲ್ಲಿ ಇದು ಶೇಕಡಾ 2ನ್ನು ಮೀರಕೂಡದೆಂಬ ನಿಯಮ 2022ರ ಜನವರಿಯಿಂದ ದೇಶದಲ್ಲಿ ಜಾರಿಗೆ ಬಂದಿದೆ. ಮನೆಯ ತುಪ್ಪವೂ ಕೊಬ್ಬೇ. ಮಿತಿ ಅದಕ್ಕೂ ಬೇಕು. ವೈದ್ಯರನ್ನು ಕೇಳಿದೆವು. ತುಪ್ಪದ್ದಾದರೆ ವಾರಕ್ಕೆ ಒಂದೆರಡು ಸಾಕೆಂದರು. ಒಂದೆರಡಕ್ಕಾಗಿ ಭಟ್ಟಿಗೆ ಹೋಗುವುದುಂಟೇ? ಮನೆಯಲ್ಲಿಯೇ ಸುಡಲು ನಿಶ್ಚಯಿಸಿದೆವು.

ಮೊದಲ ಪ್ರಯತ್ನ ಕೆಟ್ಟಿತು. ವೈಶಾಖದ ಮಧ್ಯಾಹ್ನ, ನಲವತ್ತು ಡಿಗ್ರಿ ದಾಟಿದ ಬಿಸಿಲು. ತುಪ್ಪ ಕರಗಿ ಎಣ್ಣೆಯಂತಾಗಿತ್ತು. ಉಂಡೆಗಳೆಲ್ಲ ಹರಡಿ ಒಂದೇ ರೊಟ್ಟಿಯಾಗಿ, ತಳ ಸೀದು ಕಪ್ಪಾಯಿತು. ತಪ್ಪು ತಿಳಿದ ಮೇಲೆ ಬೆಳಗಿನ ಜಾವ, ಅಡಿಗೆಮನೆಯ ಶಹಾಬಾದ ಫರಸಿಕಲ್ಲು ಇನ್ನೂ ತಂಪಾಗಿರುವಾಗಲೇ ಹಿಟ್ಟು ಕಲಸತೊಡಗಿದೆವು.

ಸಾಮಗ್ರಿ ಇಷ್ಟು: ಮೈದಾ 200 ಗ್ರಾಂ, ಕಡಲೆಹಿಟ್ಟು 70 ಗ್ರಾಂ, ಸಣ್ಣ ರವೆ 30 ಗ್ರಾಂ, ಪುಡಿಸಕ್ಕರೆ 150 ಗ್ರಾಂ, ಗಟ್ಟಿ ತುಪ್ಪ 170 ಗ್ರಾಂ, ಏಲಕ್ಕಿ 5, ಅಡಿಗೆ ಸೋಡಾ ಕಾಲು ಚಮಚ, ಚಿಟಿಕೆ ಉಪ್ಪು. ಮೊಟ್ಟೆಯ ಪ್ರಶ್ನೆಯೇ ಇಲ್ಲ.

ತುಪ್ಪ ಸಕ್ಕರೆಗಳನ್ನು ಪರಾತದಲ್ಲಿ ಅಂಗೈಯಿಂದ ಹತ್ತು ನಿಮಿಷ ತಿಕ್ಕಿರಿ. ಮಿಶ್ರಣ ಬೆಳ್ಳಗೆ ಹಗುರಾದಾಗ ಉಳಿದುದನ್ನೆಲ್ಲ ಜರಡಿ ಹಿಡಿದು ಸೇರಿಸಿರಿ. ಚಪಾತಿ ಹಿಟ್ಟಿನಂತೆ ನಾದಬೇಡಿರಿ, ನೀರನ್ನೂ ಸೋಕಿಸಬೇಡಿರಿ. ತುಪ್ಪವು ಹಿಟ್ಟಿನ ಕಣಕಣವನ್ನೂ ಆವರಿಸಿ ಜಿಗುಟು ಬಾರದಂತೆ ತಡೆಯುವುದರಿಂದಲೇ ಖಟಾಯಿ ಬಾಯಲ್ಲಿ ಪುಡಿಯಾಗುತ್ತದೆ. ದೂರದ ಸ್ಕಾಟ್ಲಂಡಿನ ತಾಯಂದಿರು ಸಕ್ಕರೆ ಒಂದು ಪಾಲು, ಬೆಣ್ಣೆ ಎರಡು, ಹಿಟ್ಟು ಮೂರು ಪಾಲು ಬೆರೆಸಿ ಸುಡುವ ಶಾರ್ಟ್‌ಬ್ರೆಡ್ಡಿನ ಗುಟ್ಟೂ ಇದೇ.

ಹಿಟ್ಟನ್ನು ಅರ್ಧ ತಾಸು ತಂಪಿನಲ್ಲಿಟ್ಟು ಸುಮಾರು 24 ಉಂಡೆ ಮಾಡಿ, ಮೆಲ್ಲಗೆ ಒತ್ತಿರಿ. ದಪ್ಪ ತಳದ ಅಗಲ ಪಾತ್ರೆಯಲ್ಲಿ ಒಂದಂಗುಲ ಉಪ್ಪು ಹರವಿ, ಕಬ್ಬಿಣದ ಬಳೆಯನ್ನಿಟ್ಟು, ಮುಚ್ಚಳ ಮುಚ್ಚಿ 10 ನಿಮಿಷ ಕಾಯಿಸಿರಿ. ಕುಕ್ಕರನ್ನು ಬಳಸುವವರು ರಬ್ಬರ್ ಮತ್ತು ಸೀಟಿಯನ್ನು ತಪ್ಪದೆ ತೆಗೆಯಬೇಕು. ತುಪ್ಪ ಸವರಿದ ತಟ್ಟೆಯಲ್ಲಿ ಏಳೆಂಟನ್ನು ದೂರದೂರಕ್ಕಿರಿಸಿ ಬಳೆಯ ಮೇಲಿಟ್ಟು, ಸಣ್ಣ ಉರಿಯಲ್ಲಿ 20ರಿಂದ 25 ನಿಮಿಷ ಸುಡಿರಿ. ಅಂಚು ತುಸು ಕೆಂಪಾದರೆ ಸಾಕು. ಬಿಸಿಯಿರುವಾಗ ಮೆತ್ತಗಿರುತ್ತದೆಂದು ಅಂಜಿ ಮತ್ತೆ ಸುಟ್ಟರೆ ತಳ ಸೀಯುತ್ತದೆ. ಆರಿದ ಮೇಲೆ ತಾನೇ ಗಟ್ಟಿಯಾಗುತ್ತದೆ. ಪೂರ್ಣ ಆರಿದ ನಂತರ ಒಣಗಿದ ಡಬ್ಬಿಗೆ ತುಂಬಿದರೆ ಹದಿನೈದು ದಿನ ಕೆಡದು. ಮಧುಮೇಹವುಳ್ಳವರು ಮಾತ್ರ ದೂರವಿರುವುದೇ ಲೇಸು.

ಮೂರನೆಯ ಸಲ ಸುಟ್ಟುದು ಹದವಾಗಿ ಬಂದಿತು. ಎರಡು ಖಟಾಯಿಗಳನ್ನು ಬಟ್ಟಲಲ್ಲಿಟ್ಟು ತಾಯಿಯವರಿಗೆ ಕೊಟ್ಟೆವು. ಅವರು ಒಂದನ್ನು ಮುರಿದು ಮೂಸಿ ನೋಡಿ, “ಭಟ್ಟಿ ವಾಸನಿ ಇಲ್ಲವ್ವಾ, ಮನಿ ವಾಸನಿ ಅದ” ಎಂದು ಚಹದಲ್ಲಿ ಅದ್ದಿ ನಿಧಾನವಾಗಿ ತಿಂದರು. ಎರಡನೆಯದನ್ನು ಬಾಗಿಲಲ್ಲಿ ಇಣುಕುತ್ತಿದ್ದ ಮೊಮ್ಮಗನ ಕೈಗಿತ್ತರು.