ರಾಗ ಹಾಕಿದವರ ಹೆಸರೂ ಹೇಳೋಣ



ನಾವು ದಿನಾ ಬೆಳಿಗ್ಗೆ ಪ್ರಾರ್ಥನೆಗೆ ‘ಸ್ವಾಮಿ ದೇವನೆ’ ಹಾಡುತ್ತೇವೆ. ಅದನ್ನು ಬರೆದವರು ಸೋಸಲೆ ಅಯ್ಯಾಶಾಸ್ತ್ರಿಗಳು. 1958ರ ‘ಸ್ಕೂಲ್ ಮಾಸ್ಟರ್’ ಸಿನಿಮಾದಲ್ಲಿ ಈ ಹಾಡು ಇದೆ. ನಾವು ಹಾಡೋದೂ ಅದೇ ಧಾಟಿಯಲ್ಲಿ. ಆ ಸಿನಿಮಾಕ್ಕೆ ಸಂಗೀತ ಕೊಟ್ಟವರು ಯಾರು ಅಂತ ನಮ್ಮ ತರಗತಿಯಲ್ಲಿ ಕೇಳಿದೆ. ಒಬ್ಬರಿಗೂ ಗೊತ್ತಿರಲಿಲ್ಲ. ಅವರ ಹೆಸರು ಟಿ.ಜಿ. ಲಿಂಗಪ್ಪ.

ಲಿಂಗಪ್ಪನವರು 1927ರಲ್ಲಿ ತಿರುಚಿರಾಪಳ್ಳಿಯಲ್ಲಿ ಹುಟ್ಟಿದರು. 1951ರಲ್ಲಿ ‘ಮೋಹನ ಸುಂದರಂ’ ಎಂಬ ತಮಿಳು ಚಿತ್ರಕ್ಕೆ ಸಂಗೀತ ಕೊಟ್ಟರು. ಆಗ ಕನ್ನಡ ಸಿನಿಮಾಗಳೂ ಹೆಚ್ಚಾಗಿ ಮದ್ರಾಸಿನಲ್ಲೇ ತಯಾರಾಗುತ್ತಿದ್ದವು. ಬಿ.ಆರ್. ಪಂತುಲು ಅವರ ‘ರತ್ನಗಿರಿ ರಹಸ್ಯ’ (1957), ‘ಸ್ಕೂಲ್ ಮಾಸ್ಟರ್’, ‘ಕಿತ್ತೂರು ಚೆನ್ನಮ್ಮ’ (1961), ‘ಶ್ರೀ ಕೃಷ್ಣದೇವರಾಯ’ (1970) ಇವಕ್ಕೆಲ್ಲಾ ಲಿಂಗಪ್ಪನವರದೇ ಸಂಗೀತ. ‘ಕಿತ್ತೂರು ಚೆನ್ನಮ್ಮ’ದಲ್ಲಿ ಅಕ್ಕಮಹಾದೇವಿಯ ವಚನಕ್ಕೆ ರಾಗ ಹಾಕಿ ಪಿ. ಸುಶೀಲಾ ಅವರಿಂದ ಹಾಡಿಸಿದರು. 2000ದಲ್ಲಿ ತೀರಿಕೊಂಡರು.

“ಬರೆದವರು ಕವಿ, ಹಾಡಿದವರು ಗಾಯಕರು, ಮಧ್ಯದಲ್ಲಿ ಇವರದ್ದೇನು ಕೆಲಸ?” ಅಂತ ಕೆಲವರು ಕೇಳ್ತಾರೆ. ಪುಸ್ತಕದ ಪದ್ಯವನ್ನು ಸುಮ್ಮನೆ ಓದಿದರೆ ವಾರವಾದರೂ ಬಾಯಿಪಾಠ ಆಗಲ್ಲ. ಅದನ್ನೇ ಮೇಷ್ಟ್ರು ರಾಗವಾಗಿ ಹೇಳಿಕೊಟ್ಟರೆ ಎರಡೇ ದಿನ. ಎಲ್ಲಿ ಎಳೆಯಬೇಕು, ಎಲ್ಲಿ ನಿಲ್ಲಿಸಬೇಕು, ಯಾವ ವಾದ್ಯ ಎಲ್ಲಿ ಬರಬೇಕು ಅಂತ ಯೋಚನೆ ಮಾಡುವವರು ಸಂಗೀತ ನಿರ್ದೇಶಕರು. ಒಂದನೇ ತರಗತಿಯವರಿಂದ ಹಿಡಿದು ಮುಖ್ಯೋಪಾಧ್ಯಾಯರವರೆಗೆ ಎಲ್ಲರೂ ಒಟ್ಟಿಗೆ ಹಾಡುವಂತೆ ಮಾಡೋದು ಸಣ್ಣ ಕೆಲಸ ಅಲ್ಲ.

ನಮ್ಮ ಅಪ್ಪ ಮದುವೆಗಳಲ್ಲಿ ವಾಲಗ ಊದುತ್ತಾರೆ. ತಾಳಿ ಕಟ್ಟುವಾಗ ಎಲ್ಲರೂ “ಗಟ್ಟಿಮೇಳ, ಗಟ್ಟಿಮೇಳ” ಅಂತ ಕೂಗ್ತಾರೆ. ಆದರೆ ಯಾರೂ ಅವರ ಹೆಸರು ಹಿಡಿದು ಕರೆಯಲ್ಲ, “ಏ ವಾಲಗದವರೇ” ಅಂತಾರೆ. ಊಟ ಕೊನೇ ಪಂಕ್ತಿಯಲ್ಲಿ. ಅಪ್ಪ ಏನೂ ಅನ್ನಲ್ಲ. ನನಗೆ ಮಾತ್ರ ಬೇಜಾರಾಗುತ್ತೆ. ಸಂಗೀತ ಬೇಕು, ಸಂಗೀತ ಮಾಡಿದವರ ಹೆಸರು ಬೇಡ ಅಂದರೆ ಅದು ನ್ಯಾಯವೇ?

ನಮ್ಮೂರಿಂದ ಬಸ್ಸು ಹತ್ತಿದರೆ ಬನಶಂಕರಿ, ಅದರಾಚೆ ಜಯನಗರ. ಜಯನಗರ ನಾಲ್ಕನೇ ಬ್ಲಾಕಿನ ಕಾಂಪ್ಲೆಕ್ಸಿನಲ್ಲಿ ಹಿಂದೆ ನಿರ್ದೇಶಕ ಪುಟ್ಟಣ್ಣ ಕಣಗಾಲರ ಹೆಸರಿನ ಥಿಯೇಟರ್ ಇತ್ತಂತೆ. ಪುಟ್ಟಣ್ಣನವರು ಪಂತುಲು ಅವರ ಹತ್ತಿರವೇ ಸಹಾಯಕರಾಗಿ ಕೆಲಸ ಕಲಿತವರು. ಅವರ ಹೆಸರು ಇಟ್ಟದ್ದು ಒಳ್ಳೇದೇ. ಆದರೆ ಆ ಥಿಯೇಟರ್ ಈಗ ಇಲ್ಲ. ಕಟ್ಟಡದ ಮೇಲೆ ಬರೆದ ಹೆಸರು ಕಟ್ಟಡದ ಜೊತೆಗೇ ಹೋಗುತ್ತೆ. ಹಾಡಿನ ಜೊತೆ ಹೇಳಿದ ಹೆಸರು ಹಾಡು ಇರುವವರೆಗೂ ಇರುತ್ತೆ. ಅದಕ್ಕೇ ಲಿಂಗಪ್ಪನವರಂಥವರಿಗೆ ಕಟ್ಟಡಕ್ಕಿಂತ ನಮ್ಮ ಬಾಯಿಯೇ ಮೇಲು ಅಂತ ನನ್ನ ಅಭಿಪ್ರಾಯ.

ಶಾಲಾ ವಾರ್ಷಿಕೋತ್ಸವದಲ್ಲಿ ನಾವು ಹಾಡು ಹೇಳುವ ಮುಂಚೆ ಸಿನಿಮಾದ ಹೆಸರು, ಹೀರೋ ಹೆಸರು ಮಾತ್ರ ಹೇಳ್ತೀವಿ. ಈ ಸಲ ಬರೆದವರು, ರಾಗ ಹಾಕಿದವರು, ಹಾಡಿದವರು, ಈ ಮೂರೂ ಹೆಸರು ಹೇಳೋಣ. ನಮಗೆ ಹಾರ್ಮೋನಿಯಂ, ತಬಲ ನುಡಿಸುವವರ ಹೆಸರನ್ನೂ ಮೈಕಿನಲ್ಲಿ ಹೇಳೋಣ. ಇದಕ್ಕೆ ದುಡ್ಡು ಬೇಕಾಗಿಲ್ಲ, ಅರ್ಧ ನಿಮಿಷ ಸಾಕು. ಗುರುಗಳು ಒಪ್ಪಿಗೆ ಕೊಡಬೇಕೆಂದು ಕೇಳಿಕೊಳ್ಳುತ್ತೇನೆ.

– ಏಳನೇ ತರಗತಿ ವಿದ್ಯಾರ್ಥಿ