ಒತ್ತೆಯಿಟ್ಟ ವಿಮಾಪತ್ರ

ಭಾರತ ಸರ್ಕಾರದವರು ಚಲಚ್ಚಿತ್ರರಂಗದ ಹಿರಿಯರಿಗೆ ಕೊಡುವ ಅತ್ಯುನ್ನತ ಪ್ರಶಸ್ತಿಯನ್ನು 1969ರಲ್ಲಿ ಸ್ಥಾಪಿಸಿ, ಅದಕ್ಕೆ ದಾದಾಸಾಹೇಬ ಫಾಲ್ಕೆಯವರ ಹೆಸರನ್ನಿಟ್ಟರು. ನಮ್ಮ ರಾಜಕುಮಾರರಿಗೂ ಅದು ಸಂದಿರುವುದು. ಹೆಸರನ್ನು ಎಲ್ಲರೂ ಬಲ್ಲರು. ಆದರೆ ಆ ಪುರುಷನು ಯಾರ ಹಣದಿಂದ ಚಿತ್ರ ತೆಗೆದನು, ಕೊನೆಗೆ ಅವನ ಕೈಯಲ್ಲಿ ಉಳಿದುದೇನು ಎಂಬುದನ್ನು ಬಲ್ಲವರು ವಿರಳ. ಪ್ರಶಸ್ತಿ ಪ್ರದಾನದ ಸಭೆಗಳಲ್ಲಿ ಭಾಷಣಮಾಡುವ ಮಹಾಶಯರು ಈ ಲೆಕ್ಕವನ್ನು ತೆಗೆಯುವುದು ಅಪೂರ್ವ. ನಮಗಾದರೋ ಅದೇ ಮುಖ್ಯವಾಗಿ ತೋರುತ್ತದೆ.

1870ರಲ್ಲಿ ನಾಸಿಕದ ಬಳಿಯ ತ್ರ್ಯಂಬಕದಲ್ಲಿ ಜನಿಸಿದ ಧುಂಡಿರಾಜ ಗೋವಿಂದ ಫಾಲ್ಕೆಯವರು ಚಿತ್ರಕಲೆ, ಛಾಯಾಗ್ರಹಣ, ಅಚ್ಚಿನ ಕೆಲಸ ಇವೆಲ್ಲವನ್ನೂ ಕಲಿತವರು. ಅಚ್ಚುಕೂಟದ ಪಾಲುದಾರರೊಡನೆ ಮನಸ್ತಾಪವುಂಟಾಗಿ ಅದನ್ನು ಬಿಟ್ಟುಬಂದರು. (ಇಂತಹ ಮನಸ್ತಾಪವು ಹೇಗಿರುವುದೆಂದು ಅಚ್ಚುಕೂಟ ನಡೆಸುವ ನಮಗೆ ಯಾರೂ ಬಿಡಿಸಿ ಹೇಳಬೇಕಾದುದಿಲ್ಲ.) ಆಗ ಅವರ ವಯಸ್ಸು ನಲವತ್ತರ ಆಸುಪಾಸು. ಮುಂಬಯಿಯಲ್ಲಿ ಕ್ರಿಸ್ತನ ಚರಿತ್ರೆಯ ಮೂಕಚಿತ್ರವೊಂದನ್ನು ಕಂಡು, ನಮ್ಮ ರಾಮಕೃಷ್ಣರು ತೆರೆಯ ಮೇಲೆ ಬರುವುದೆಂದಿಗೆ ಎಂದು ಹಂಬಲಿಸತೊಡಗಿದರು. ಹಂಬಲಕ್ಕೆ ಸಾಲ ಕೊಡುವ ಸಾಹುಕಾರನುಂಟೆ? ತಮ್ಮ ಜೀವವಿಮೆಯ ಪತ್ರಗಳನ್ನು ಒತ್ತೆಯಿಟ್ಟು 1912ರಲ್ಲಿ ಲಂಡನ್ನಿಗೆ ಹೋಗಿ, ಕೆಲಸ ಕಲಿತು, ಕ್ಯಾಮರಾ ಕೊಂಡುತಂದರು. ಒಂದು ಬೀಜವು ಮೊಳೆತು ಗಿಡವಾಗುವುದನ್ನು ಚಿತ್ರ ತೆಗೆದು ತೋರಿಸಿದ ಮೇಲೆಯೇ ಪರಿಚಿತರು ಕೈ ಬಿಚ್ಚಿದುದು. ಅದೂ ಸಾಲದೆ ಪತ್ನಿ ಸರಸ್ವತೀಬಾಯಿಯವರ ಒಡವೆಗಳು ಹೋದುವು.

ಆ ತಾಯಿಯ ಪಾಲು ಒಡವೆಗೆ ಮುಗಿಯಲಿಲ್ಲ. ಕತ್ತಲೆಯ ಕೋಣೆಯಲ್ಲಿ ಕುಳಿತು ಫಿಲ್ಮಿನ ಅಂಚಿಗೆ ರಂಧ್ರ ಹಾಕಿದವರು ಅವರು. ಕಂಪೆನಿಯವರಿಗೆಲ್ಲ ಅಡಿಗೆ ಮಾಡಿ ಬಡಿಸಿದವರೂ ಅವರೇ. ತಾರಾಮತಿಯ ವೇಷಕ್ಕೆ ಹೆಂಗಸರಾರೂ ಸಿಕ್ಕದೆ, ಉಪಾಹಾರಗೃಹದಲ್ಲಿ ಅಡಿಗೆ ಮಾಡುತ್ತಿದ್ದ ಸಾಳುಂಕೆಯೆಂಬ ಯುವಕನಿಗೆ ಸೀರೆ ಉಡಿಸಬೇಕಾಯಿತು. ಹೀಗೆ ಸಿದ್ಧವಾದ ‘ರಾಜಾ ಹರಿಶ್ಚಂದ್ರ’ವು 1913ನೆಯ ಮೇ 3ರಂದು ಮುಂಬಯಿಯ ಕಾರೋನೇಷನ್ ಚಿತ್ರಮಂದಿರದಲ್ಲಿ ಜನರೆದುರು ಬಂದಿತು. ಸತ್ಯಕ್ಕಾಗಿ ಹೆಂಡತಿಯನ್ನೂ ಮಗನನ್ನೂ ಮಾರಿಕೊಂಡವನ ಕಥೆಯನ್ನು, ಮನೆಯ ಸರ್ವಸ್ವವನ್ನೂ ಒತ್ತೆಯಿಟ್ಟವನೊಬ್ಬನು ತೆಗೆದನು. ಮರುವರ್ಷ ಲಂಡನ್ನಿನವರು ಅಲ್ಲಿಯೇ ನಿಂತು ಕೆಲಸಮಾಡೆಂದು ಕರೆದರೂ ಫಾಲ್ಕೆಯವರು ಒಪ್ಪದೆ ಹಿಂದಿರುಗಿದರು.

‘ಲಂಕಾದಹನ’ಕ್ಕೆ 1917ರಲ್ಲಿ ಜನರು ಮುಗಿಬಿದ್ದರು. ಲಾಭ ಕಂಡೊಡನೆ ಬಂಡವಾಳಗಾರರು ಬಂದರು. 1918ರಲ್ಲಿ ಹಿಂದೂಸ್ಥಾನ ಸಿನಿಮಾ ಫಿಲ್ಮ್ಸ್ ಕಂಪೆನಿಯು ಹುಟ್ಟಿತು. ಅಲ್ಲಿಗೆ ಫಾಲ್ಕೆಯವರ ಸ್ವಾತಂತ್ರ್ಯವು ತೀರಿತೆಂದೇ ನಮ್ಮ ಮತ. ಖರ್ಚಿನ ವಿಷಯದಲ್ಲಿಯೂ ಆಡಳಿತದ ವಿಷಯದಲ್ಲಿಯೂ ಪಾಲುದಾರರೊಡನೆ ಕೂಡದೆ, ಕೆಲಸ ಬಿಟ್ಟು ಕಾಶಿಗೆ ಹೋಗಿ ಮರಾಠಿ ನಾಟಕ ಬರೆಯುತ್ತ ಕುಳಿತರು. ಪಾಲುದಾರರನ್ನೇ ನಾವು ದೂರುವುದಿಲ್ಲ. ಹಣ ಹಾಕಿದವನು ಲೆಕ್ಕ ಕೇಳುವುದು ನ್ಯಾಯವೇ. ಆದರೆ ಲೆಕ್ಕ ಕೇಳುವವನು ಚಿತ್ರ ಹೀಗಿರಬೇಕೆಂದೂ ಹೇಳತೊಡಗಿದರೆ, ನಿರ್ಮಾಪಕನು ಗುಮಾಸ್ತನಾಗುವನು. ಮರಳಿ ಬಂದು ಮತ್ತೆ ದುಡಿದರಾದರೂ ಹಿಂದಿನ ಕಳೆ ಬರಲಿಲ್ಲ. ವಾಕ್ಚಿತ್ರವು ಬಂದಮೇಲೆ ಅವರ ವಿದ್ಯೆ ಹಳತಾಯಿತು. ಕೊಲ್ಲಾಪುರದಲ್ಲಿ ಅನ್ಯರ ಹಣದಿಂದ ತೆಗೆದ ‘ಗಂಗಾವತರಣ’ವೇ (1937) ಕಡೆಯದು. 1944ನೆಯ ಫೆಬ್ರವರಿ 16ರಂದು ನಾಸಿಕದಲ್ಲಿ ತೀರಿಕೊಂಡರು.

ಅವರು ತೆಗೆದ ಚಿತ್ರಗಳು ತೊಂಬತ್ತಕ್ಕೂ ಮಿಗಿಲೆನ್ನುವರು. ಉಳಿದಿರುವುವು ಬೆರಳೆಣಿಕೆಯಷ್ಟು, ‘ಹರಿಶ್ಚಂದ್ರ’ದಲ್ಲಿ ಕೂಡ ಒಂದು ಭಾಗ ಮಾತ್ರ. ಸ್ವತಂತ್ರ ನಿರ್ಮಾಪಕನ ಹಿಂದೆ ಅವನ ಸರಕನ್ನು ಕಾಯುವ ಸಂಸ್ಥೆಯಿರುವುದಿಲ್ಲ. ಮನೆ ಮುರಿದರೆ ಸುರುಳಿಗಳೂ ಹೋದಂತೆ. ನಾವು ಕನ್ನಡಿಗರು ಇದನ್ನು ಕೇಳಿ ಮರುಗುವ ಮೊದಲು ನಮ್ಮ ಮನೆಯನ್ನು ನೋಡಿಕೊಳ್ಳಬೇಕು: ಅದೇ ಕೊಲ್ಲಾಪುರದಲ್ಲಿ ತಯಾರಾಗಿ 1934ರಲ್ಲಿ ತೆರೆಕಂಡ ನಮ್ಮ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ದ ಒಂದು ಪ್ರತಿಯೂ ಈಗ ಇಲ್ಲ. ಆ ಹಳೆಯ ಫಿಲ್ಮು ತಾನಾಗಿ ಕೊಳೆಯುವಂತಹುದು, ಕಿಡಿ ತಾಕಿದರೆ ಉರಿದುಹೋಗುವಂತಹುದು. ಹಳೆಯ ಚಿತ್ರಮಂದಿರಗಳ ಅಟ್ಟಗಳಲ್ಲಿಯೂ ನಿರ್ಮಾಪಕರ ವಾರಸುದಾರರ ಮನೆಗಳಲ್ಲಿಯೂ ತುಕ್ಕುಹಿಡಿದ ಡಬ್ಬಗಳು ಇನ್ನೂ ಇರಬಹುದು. ಇದ್ದವರು ಗುಜರಿಗೆ ಹಾಕದೆ ಪುಣೆಯ ರಾಷ್ಟ್ರೀಯ ಚಿತ್ರಭಂಡಾರಕ್ಕೆ ಒಂದು ಕಾಗದ ಬರೆಯಲಿ. ಸಾಗಿಸುವ ವೆಚ್ಚವನ್ನು ನಮ್ಮ ಸರ್ಕಾರದವರು ವಹಿಸಿಕೊಳ್ಳಲಿ.