ಪಾಠದಲ್ಲಿಲ್ಲದ ಪ್ರಶ್ನೆ

ಶಿಕ್ಷಕ ಮಿತ್ರರೇ, ಮೊದಲು ನನ್ನದೇ ಒಂದು ತಪ್ಪನ್ನು ನಿಮ್ಮ ಮುಂದೆ ಇಡುತ್ತೇನೆ. ಸೇಡಂ ತಾಲ್ಲೂಕಿನ ಶಾಲೆಯೊಂದಕ್ಕೆ ರಸಪ್ರಶ್ನೆ ನಡೆಸಲು ಹೋಗಿದ್ದೆ. ‘ಬಹುದೂರದಲ್ಲಿದ್ದೂ ಅತಿ ಹೆಚ್ಚು ಬೆಳಗುವ ಆಕಾಶಕಾಯ ಯಾವುದು?’ ಎಂದೆ. ಐದನೆಯ ತರಗತಿಯ ಹುಡುಗಿ ಥಟ್ಟನೆ ‘ಕ್ವೇಸಾರ್’ ಎಂದಳು. ಅಂಕ ಕೊಟ್ಟೆ. ಆದರೆ ಅವಳು ಕೂರಲಿಲ್ಲ. ‘ಸರ್, ಅಷ್ಟು ದೂರ ಹೋಗಿ ಅಳದು ಬಂದವರು ಯಾರ್ರೀ?’ ಎಂದು ಕೇಳಿದಳು. ‘ಅದು ನಿಮ್ಮ ಪಾಠದಲ್ಲಿಲ್ಲ, ಕೂಡು’ ಎಂದುಬಿಟ್ಟೆ.

ವಿಜ್ಞಾನ ಇದ್ದದ್ದು ಅವಳ ಪ್ರಶ್ನೆಯಲ್ಲಿ. ನಾನು ಅಂಕ ಕೊಟ್ಟದ್ದು ಬರಿಯ ಹೆಸರಿಗೆ.

ಉತ್ತರ ಕಷ್ಟದ್ದೇನಲ್ಲ. 1963ರಲ್ಲಿ ಮಾರ್ಟನ್ ಶ್ಮಿಟ್ ಎಂಬ ವಿಜ್ಞಾನಿ 3ಸಿ 273 ಎಂಬ ಚುಕ್ಕೆಯ ಬೆಳಕನ್ನು ಬಣ್ಣಗಳಾಗಿ ಬಿಡಿಸಿ ನೋಡಿದರು. ಹೈಡ್ರೋಜನ್ನಿನ ಗೆರೆಗಳು ಕೆಂಪಿನ ಕಡೆಗೆ ಶೇಕಡ 16ರಷ್ಟು ಸರಿದಿದ್ದವು. ವಿಶ್ವ ಹಿಗ್ಗುತ್ತಿರುವುದರಿಂದ, ಗೆರೆ ಹೆಚ್ಚು ಸರಿದಷ್ಟೂ ದೂರ ಹೆಚ್ಚು. ಆ ಬೆಳಕು ಹೊರಟು ಸುಮಾರು 200 ಕೋಟಿ ವರ್ಷಗಳಾಗಿವೆ. ನಿಮ್ಮ ಶಾಲೆಯ ನೆಲಕ್ಕೆ ಹಾಸಿದ ಶಹಾಬಾದ್ ಕಲ್ಲನ್ನು ಮಕ್ಕಳಿಗೆ ಮುಟ್ಟಿಸಿ. ಅದು ಐವತ್ತು ಕೋಟಿ ವರ್ಷಗಳಿಗೂ ಹಿಂದೆ ಕಡಲ ತಳದಲ್ಲಿ ಕೂತ ಕೆಸರು. ಆ ಕೆಸರು ಕಲ್ಲಾಗುವ ಎಷ್ಟೋ ಮೊದಲೇ ಕ್ವೇಸಾರಿನ ಬೆಳಕು ದಾರಿ ಹಿಡಿದಿತ್ತು!

ಕ್ವೇಸಾರಿನ ನಡುವೆ ಇರುವುದು ದೈತ್ಯ ಕಪ್ಪುಕುಳಿ. ಅದರೊಳಕ್ಕೆ ಬೀಳುವ ಅನಿಲ, ಬೀಳುವ ಮುನ್ನ ಕಾದು ಬೆಳಗುತ್ತದೆ. ಈ ಕಪ್ಪುಕುಳಿಗಳ ವಿಷಯದಲ್ಲಿ ಜಗತ್ತೇ ನೆನೆಯುವ ಕೆಲಸ ಮಾಡಿದವರು ನಮ್ಮ ಕನ್ನಡಿಗರು, ಸಿ.ವಿ. ವಿಶ್ವೇಶ್ವರ. 1938ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದ ಅವರು ಕನ್ನಡ ಲೇಖಕ ಸಿ.ಕೆ. ವೆಂಕಟರಾಮಯ್ಯನವರ ಮಗ.

ಕಪ್ಪುಕುಳಿಯನ್ನು ಅಲುಗಿಸಿದರೆ ಏನಾಗುತ್ತದೆ? ಇದು ಅವರು ಕೇಳಿಕೊಂಡ ಪ್ರಶ್ನೆ. ನಿಮ್ಮ ಶಾಲೆಯ ಗಂಟೆಯನ್ನು ಬಡಿದು ನೋಡಿ. ಠಣ್ ಎಂದು ಮೊಳಗಿ ನಿಧಾನವಾಗಿ ಅಡಗುತ್ತದೆ. ದೊಡ್ಡ ಗಂಟೆಯ ನಾದ ಒಂದು ಬಗೆ, ಸಣ್ಣದರ ನಾದ ಇನ್ನೊಂದು ಬಗೆ. ಕಪ್ಪುಕುಳಿಯೂ ಹಾಗೆಯೇ ಮೊಳಗಿ ಅಡಗುತ್ತದೆ ಎಂದು ಅವರು 1970ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ತೋರಿಸಿದರು. ಆಗ ಕಪ್ಪುಕುಳಿಗಳು ನಿಜಕ್ಕೂ ಇವೆಯೇ ಎಂಬುದೇ ಖಚಿತವಿರಲಿಲ್ಲ. 2015ರ ಸೆಪ್ಟೆಂಬರ್ 14ರಂದು ಎರಡು ಕಪ್ಪುಕುಳಿಗಳು ಕೂಡಿಕೊಂಡಾಗ ಎದ್ದ ಅಲೆಯನ್ನು ಅಮೆರಿಕದ ಲೈಗೋ ಉಪಕರಣಗಳು ಹಿಡಿದವು. ಅಲೆಯ ಕೊನೆಯ ಭಾಗ ಗಂಟೆಯ ನಾದದಂತೆಯೇ ಅಡಗಿತ್ತು. 45 ವರ್ಷಗಳ ನಂತರ ಬಂದ ಈ ಉತ್ತರವನ್ನು ವಿಶ್ವೇಶ್ವರ ಕಣ್ಣಾರೆ ಕಂಡರು. 2017ರ ಜನವರಿಯಲ್ಲಿ ತೀರಿಕೊಂಡರು.

ಇಷ್ಟು ದೊಡ್ಡ ವಿಜ್ಞಾನಿ ಮಕ್ಕಳಿಂದ ದೂರ ಉಳಿಯಲಿಲ್ಲ. ಬೆಂಗಳೂರಿನ ಜವಾಹರಲಾಲ್ ನೆಹರೂ ತಾರಾಲಯದ ಸ್ಥಾಪಕ ನಿರ್ದೇಶಕರಾದರು. ಜನಸಾಮಾನ್ಯರಿಗಾಗಿ ತಮ್ಮದೇ ವ್ಯಂಗ್ಯಚಿತ್ರಗಳೊಡನೆ ಪುಸ್ತಕ ಬರೆದರು. ಇದನ್ನು ಅವರು ಕಡಿಮೆ ಕೆಲಸವೆಂದು ಎಣಿಸಲಿಲ್ಲ. ಹಾಗಿರುವಾಗ ನಾವು ‘ಪಾಠದಲ್ಲಿಲ್ಲ’ ಎನ್ನುವುದು ಸರಿಯೇ?

‘ನಮ್ಮಲ್ಲಿ ದೂರದರ್ಶಕ ಇಲ್ಲ’ ಎಂದು ನೀವು ಹೇಳಬಹುದು. ನಿಜ, ಕ್ವೇಸಾರ್ ಬರಿಗಣ್ಣಿಗೆ ಕಾಣದು. ವಾಡಿ, ಶಹಾಬಾದಿನ ದೂಳು, ದೀಪಗಳ ನಡುವೆ ನಕ್ಷತ್ರಗಳೇ ಮಂಕು. ಆದರೆ ಚಿಂಚೋಳಿಯ ಕಾಡಂಚಿನಲ್ಲಿ, ಚಿತ್ತಾಪುರದ ಹೊಲಗಳಲ್ಲಿ ಅಮಾವಾಸ್ಯೆಯ ರಾತ್ರಿ ಆಕಾಶ ಈಗಲೂ ಉಚಿತ. ಅದಕ್ಕಿಂತ ಅಗ್ಗದ ಉಪಕರಣ ಇನ್ನೊಂದಿದೆ. ತರಗತಿಯ ಗೋಡೆಗೆ ಒಂದು ನೋಟುಪುಸ್ತಕ ತೂಗುಹಾಕಿ. ಉತ್ತರ ಗೊತ್ತಿಲ್ಲದ ಪ್ರಶ್ನೆಗಳನ್ನು ಮಕ್ಕಳ ಹೆಸರಿನೊಂದಿಗೆ ಅದರಲ್ಲಿ ಬರೆಸಿ. ‘ನನಗೂ ಗೊತ್ತಿಲ್ಲ, ಹುಡುಕೋಣ’ ಎನ್ನುವುದರಿಂದ ಗುರುವಿನ ಮಾನ ಹೋಗುವುದಿಲ್ಲ.

ನಾನು ಆ ಶಾಲೆಗೆ ಮತ್ತೆ ಹೋದಾಗ ಹುಡುಗಿ ಬೇರೆ ಶಾಲೆಗೆ ಸೇರಿಯಾಗಿತ್ತು. ಅವಳಿಗೆ ಕೊಡಬೇಕಾದ ಉತ್ತರ ನನ್ನಲ್ಲೇ ಉಳಿಯಿತು. ನಿಮ್ಮ ತರಗತಿಯಲ್ಲಿ ಹಾಗಾಗದಿರಲಿ.